ಧನ್ವಂತರಿ ರಸ್ತೆಯ ತೂಕ

ನಮ್ಮ ಮೈಸೂರಿನಲ್ಲಿ ತೂಕ ಹೆಚ್ಚಿದ್ದಕ್ಕೆ ಪತ್ರಿಕೆಯಲ್ಲಿ ಫೋಟೊ ಹಾಕಿಸಿಕೊಳ್ಳುವ ಭಾಗ್ಯ ಇರುವುದು ಆನೆಗಳಿಗೆ ಮಾತ್ರ. ದಸರೆಗೆ ಇನ್ನೂ ಒಂದೂವರೆ, ಎರಡು ತಿಂಗಳಿರುವಾಗಲೇ ಹುಣಸೂರಿನ ಕಡೆಯ ವೀರನಹೊಸಹಳ್ಳಿಯಲ್ಲಿ ಪೂಜೆ ಮಾಡಿಸಿಕೊಂಡು ಗಜಪಡೆ ಊರಿಗೆ ಬರುತ್ತದೆ. ಬಂದು ಸ್ವಲ್ಪ ಸುಧಾರಿಸಿಕೊಂಡ ಮೇಲೆ ಅವನ್ನೆಲ್ಲ ಸಾಲಾಗಿ ನಡೆಸಿಕೊಂಡು ಹೋಗಿ, ಲಾರಿ ತೂಗುವ ಯಂತ್ರದ ಮೇಲೆ ಒಂದೊಂದನ್ನೇ ನಿಲ್ಲಿಸುತ್ತಾರೆ. ಆ ಯಂತ್ರ ಇರುವುದು ಧನ್ವಂತರಿ ರಸ್ತೆಯಲ್ಲಿ. ವೈದ್ಯರ ದೇವರ ಹೆಸರಿನ ರಸ್ತೆಯಲ್ಲೇ ತೂಕ ನೋಡಬೇಕೆಂದು ಯಾರೂ ಯೋಚಿಸಿ ಇಟ್ಟದ್ದಲ್ಲ. ನಮ್ಮೂರಲ್ಲಿ ಇಂಥವು ತಾವಾಗಿ ಕೂಡಿಬರುತ್ತವೆ.

ಮರುದಿನ ಪತ್ರಿಕೆಯಲ್ಲಿ ಯಾರು ಎಷ್ಟು ಎಂಬ ಪಟ್ಟಿ ಬರುತ್ತದೆ, ಎಸ್ಸೆಸ್ಸೆಲ್ಸಿ ರಿಸಲ್ಟಿನ ಹಾಗೆ. ಅಭಿಮನ್ಯು ಐದು ಸಾವಿರ ಕೆ.ಜಿ. ದಾಟಿದ ಎಂದು ಹಾಲಿನ ಅಂಗಡಿಯಲ್ಲಿ ನಿಂತವರು ತಮ್ಮ ಮಗ ರ‍್ಯಾಂಕ್ ಬಂದಷ್ಟು ಖುಷಿಯಲ್ಲಿ ಹೇಳಿಕೊಳ್ಳುತ್ತಾರೆ. 'ಅಯ್ಯೋ, ಹೋದ ವರ್ಷ ಎಷ್ಟು ಸಣ್ಣಗಿದ್ದೆಯಲ್ಲೋ' ಎಂದು ಯಾರೂ ಅನ್ನುವುದಿಲ್ಲ. ಆನೆಯೂ ಅಷ್ಟೆ. ಯಂತ್ರದ ಮೇಲೆ ಹತ್ತುವಾಗ ಉಸಿರು ಬಿಗಿಹಿಡಿದು ಹೊಟ್ಟೆ ಒಳಗೆಳೆದುಕೊಂಡ ಆನೆಯನ್ನು ನಾನಂತೂ ನೋಡಿಲ್ಲ.

ನಾನು ಎಳೆದುಕೊಳ್ಳುತ್ತೇನೆ. ನಮ್ಮ ಮನೆಯ ತೂಕದ ಯಂತ್ರ ಮಂಚದ ಕೆಳಗಿರುತ್ತದೆ. ತಿಂಗಳಿಗೊಮ್ಮೆ, ಕಾಫಿಗೆ ಮುಂಚೆ, ಮನೆಯಲ್ಲಿ ಯಾರೂ ಎದ್ದಿಲ್ಲವೆಂದು ಖಾತ್ರಿ ಮಾಡಿಕೊಂಡು ಅದನ್ನು ಕಾಲಲ್ಲಿ ಹೊರಗೆ ಜರುಗಿಸುತ್ತೇನೆ. ಕನ್ನಡಕ, ಬಳೆ, ತಲೆಯ ಕ್ಲಿಪ್ಪು ಎಲ್ಲ ತೆಗೆದಿಡುತ್ತೇನೆ. ಕನ್ನಡಕ ತೆಗೆದರೆ ಅಂಕಿ ಕಾಣುವುದಿಲ್ಲ, ಹಾಕಿಕೊಂಡರೆ ಅದರ ತೂಕ ಸೇರುತ್ತದೆ. ಈ ಧರ್ಮಸಂಕಟ ಯಾವ ಶಾಸ್ತ್ರದಲ್ಲೂ ಪರಿಹಾರವಾಗಿಲ್ಲ. ಹೆಬ್ಬೆರಳ ತುದಿಯನ್ನು ಗೋಡೆಗೆ ಲಘುವಾಗಿ ಒತ್ತಿ ನಿಂತರೆ 72 ಇರುವುದು 71 ಆಗುತ್ತದೆ. ಆ ಒಂದು ಕೆ.ಜಿ.ಯನ್ನು ಇಷ್ಟು ವರ್ಷ ಗೊಣಗದೆ ಹೊತ್ತದ್ದು ನಮ್ಮ ಮನೆಯ ಗೋಡೆ. ಮನೆಯವರಲ್ಲಿ ಆ ಗುಣ ಇಲ್ಲ.

ಗೋಡೆಯ ಹೊರತಾಗಿ ನನ್ನ ಪಾಲಿನ ಇನ್ನೊಬ್ಬ ಪುಣ್ಯಾತ್ಮ ನಮ್ಮ ಬೀದಿಯ ಟೈಲರು. ಇಪ್ಪತ್ತು ವರ್ಷದಿಂದ ನನ್ನ ರವಿಕೆ ಹೊಲಿಯುತ್ತಿರುವವರು. ಅಳತೆ ತೆಗೆದುಕೊಳ್ಳುವಾಗ ಅವರ ಹೆಂಡತಿ ಟೇಪು ಹಿಡಿದು ಅಂಕಿ ಹೇಳುತ್ತಾಳೆ, ಇವರು ಪರದೆಯ ಆಚೆ ಪುಸ್ತಕದಲ್ಲಿ ಬರೆದುಕೊಳ್ಳುತ್ತಾರೆ. ಹಳೆಯ ಅಂಕಿಯ ಮೇಲೆ ಗೀಟು ಎಳೆದು ಹೊಸ ಅಂಕಿ. ನನ್ನ ಹೆಸರಿನ ಪುಟ ನೋಡಿದರೆ ಈ ದೇಶದ ಪೆಟ್ರೋಲ್ ದರದ ಇತಿಹಾಸ ಓದಿದಂತಾಗುತ್ತದೆ. ಆದರೆ ಒಂದು ದಿನವೂ ಅವರು 'ದಪ್ಪ ಆಗಿದ್ದೀರ' ಅಂದವರಲ್ಲ. "ಅಕ್ಕ, ಒಳಗೆ ಬಟ್ಟೆ ಬಿಟ್ಟು ಮೂರು ಹೊಲಿಗೆ ಹಾಕಿದ್ದೀನಿ. ಬಿಗಿ ಅನ್ನಿಸಿದ್ರೆ ಒಂದೊಂದೇ ಬಿಚ್ಕೊಳ್ಳಿ," ಎನ್ನುತ್ತಾರೆ. ಬಿಗಿಯಾಗುವುದು ರವಿಕೆ, ನಾನಲ್ಲ. ಎಷ್ಟು ಮರ್ಯಾದೆಯ ಭಾಷೆ! ಮೈ ಹಿಗ್ಗುವುದೂ ಕುಗ್ಗುವುದೂ ಇದ್ದದ್ದೇ, ಬಟ್ಟೆಯೇ ಅದಕ್ಕೆ ತಯಾರಿರಬೇಕು ಎಂಬುದು ಅವರ ಸಿದ್ಧಾಂತ. ರೆಡಿಮೇಡ್ ಅಂಗಡಿಯವರದು ಇದರ ಉಲ್ಟಾ. ಅಲ್ಲಿನ ಹುಡುಗಿ ನನ್ನನ್ನು ಒಮ್ಮೆ ಮೇಲಿಂದ ಕೆಳಗೆ ನೋಡಿ, "ನಿಮ್ ಸೈಜ್ ಬರಲ್ಲ ಆಂಟಿ," ಅಂದುಬಿಡುತ್ತಾಳೆ. ಎಲ್ಲಿಂದ ಬರುವುದಿಲ್ಲ, ಯಾಕೆ ಬರುವುದಿಲ್ಲ, ನಾನು ಬಂದೆನಲ್ಲ.

ಹಿಂದೆ ಹೀಗಿರಲಿಲ್ಲ. ನನ್ನಜ್ಜಿಯ ಬಾಯಲ್ಲಿ 'ಮೈಕೈ ತುಂಬಿಕೊಂಡಿದ್ದೀಯ' ಎನ್ನುವುದು ಹೊಗಳಿಕೆ. ಹಾಗೆ ಯಾರಾದರೂ ಹೊರಗಿನವರು ಅಂದರೆ ಸಂಜೆ ಉಪ್ಪು, ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕುತ್ತಿದ್ದಳು, ದೃಷ್ಟಿಯಾಯಿತೆಂದು. ಹಾಸ್ಟೆಲಿನಿಂದ ರಜೆಗೆ ಬಂದವರನ್ನು ಬಾಗಿಲಲ್ಲೇ ತಡೆದು, "ಏನೇ ಇದು, ಸೊರಗಿ ಕಡ್ಡಿಯಾಗಿ ಹೋಗಿದ್ದೀಯಲ್ಲೇ!" ಎಂದು ಗಲ್ಲ ಹಿಡಿಯುತ್ತಿದ್ದಳು. ನಾನು ಆಗಲೂ ಕಡ್ಡಿಯಾಗಿರಲಿಲ್ಲ. ಕಡ್ಡಿ ಎನ್ನುವುದು ಅವಳ ಪ್ರೀತಿಯ ಅಳತೆ. ಈಗ ಅದೇ ಬಾಗಿಲಲ್ಲಿ ನಿಂತ ಅತ್ತಿಗೆ, "ಸಣ್ಣ ಆಗಿದ್ದೀಯಲ್ಲೇ, ಏನ್ ಡಯಟ್ಟು?" ಎಂದು ಕೇಳಿದರೆ ಎದುರಿನವರ ಮುಖ ಅರಳುತ್ತದೆ. ಒಂದೇ ಮಾತು, ಎರಡು ತಲೆಮಾರಿನಲ್ಲಿ ಶಾಪದಿಂದ ವರವಾಗಿದೆ.

ಬಯ್ಯುವ ವಿಷಯದಲ್ಲಿ ಮಾತ್ರ ನಮ್ಮ ಭಾಷೆ ಯಾರಿಗೂ ಪಕ್ಷಪಾತ ಮಾಡಿಲ್ಲ. ದಪ್ಪಗಿದ್ದವರಿಗೆ ಡುಮ್ಮಿ, ಗುಂಡ, ದಡೂತಿ, ಡೊಳ್ಳುಹೊಟ್ಟೆ. ಸಣ್ಣಗಿದ್ದವರಿಗೆ ನರಪೇತಲ, ಹಂಚಿಕಡ್ಡಿ, ಕಡ್ಡಿ ಪೈಲ್ವಾನ. ಉದ್ದ ಇದ್ದರೆ ತೆಂಗಿನಮರ, ಗಿಡ್ಡಗಿದ್ದರೆ ಕುಳ್ಳ. ನಡುವೆ ಎಲ್ಲೋ ಒಂದು ಸರಿಯಾದ ಮೈ ಇದೆ ಎಂದಾಯಿತಲ್ಲ, ಅದಕ್ಕೊಂದು ಹೆಸರಿದೆಯೇ ಎಂದು ಹುಡುಕಿದೆ. ಸಿಗಲಿಲ್ಲ. ದ್ವಾರಕೀಶ್ ಬುದ್ಧಿವಂತರು, ಜನ ಕುಳ್ಳ ಅನ್ನುವ ಮೊದಲೇ ತಾವೇ ಆ ಹೆಸರನ್ನು ಪೋಸ್ಟರಿಗೆ ಏರಿಸಿ 1972ರಲ್ಲಿ 'ಕುಳ್ಳ ಏಜೆಂಟ್ 000' ಆದರು. ಎಲ್ಲರಿಗೂ ಸಿನಿಮಾ ತೆಗೆಯಲು ಆಗುತ್ತದೆಯೇ? ನನ್ನನ್ನು ಶಾಲೆಯಲ್ಲಿ ಗುಂಡಮ್ಮ ಎನ್ನುತ್ತಿದ್ದರು. ನಾಟಕದಲ್ಲಿ ಯಾವಾಗಲೂ ನನಗೆ ಭೀಮನ ಪಾರ್ಟು. ಗದೆ ಹಿಡಿದು ನಿಂತರೆ ಮೊದಲ ಸಾಲಿನಿಂದಲೇ ನಗು. ವೃಕೋದರನೆಂಬ ಹೆಸರಿದ್ದೂ, ಬಂಡಿ ಅನ್ನ ಉಂಡೂ, ಅವನ ಬೊಜ್ಜಿನ ಬಗ್ಗೆ ಎದುರಿಗೆ ನಿಂತು ಮಾತಾಡಿ ಬದುಕಿದವರು ಮಹಾಭಾರತದಲ್ಲಿ ಕಡಿಮೆ. ಅದು ನನಗೆ ಆಗ ಹೊಳೆಯಲಿಲ್ಲ, ಇಲ್ಲದಿದ್ದರೆ ಗದೆ ಕೈಯಲ್ಲೇ ಇತ್ತು.

ತೂಕವೆಂದರೆ ತಮಾಷೆ ಎಂಬ ಕಾಲವೂ ಇತ್ತು. ರೈಲ್ವೆ ಸ್ಟೇಷನ್ನಿನಲ್ಲಿ ಬಣ್ಣದ ದೀಪ ಹಾಕಿಕೊಂಡು ಗರಗರ ತಿರುಗುತ್ತಿದ್ದ ಯಂತ್ರ ನೆನಪಿದೆಯೇ? ಕಾಸು ಹಾಕಿದರೆ ಕಟಕ್ಕನೆ ಒಂದು ಸಣ್ಣ ರಟ್ಟಿನ ಟಿಕೀಟು ಬೀಳುತ್ತಿತ್ತು. ಒಂದು ಕಡೆ ತೂಕ, ಇನ್ನೊಂದು ಕಡೆ ಭವಿಷ್ಯ. ನಾವು ಭವಿಷ್ಯದ ಕಡೆಯನ್ನೇ ಮೊದಲು ನೋಡುತ್ತಿದ್ದೆವು. ಉದಾರ ಸ್ವಭಾವದವರು, ಸದ್ಯದಲ್ಲೇ ಪ್ರಯಾಣಯೋಗವಿದೆ ಎಂದು ಅರಸೀಕೆರೆ ಪ್ಲಾಟ್‌ಫಾರಂನಲ್ಲಿ ನಿಂತವಳಿಗೆ ಅದು ಹೇಳಿದಾಗ, ಎಷ್ಟು ಸರಿಯಾಗಿ ಹೇಳಿತಪ್ಪ ಎಂದು ಬೆರಗಾಗಿದ್ದೆ. ಈಗ ಆಸ್ಪತ್ರೆಯ ಯಂತ್ರವೂ ತೂಕದ ಜೊತೆ ಭವಿಷ್ಯ ಹೇಳುತ್ತದೆ. ಆದರೆ ಅದರಲ್ಲಿ ಪ್ರಯಾಣಯೋಗ ಒಂದೇ ದಿಕ್ಕಿನದು.

ಆ ಭವಿಷ್ಯಕ್ಕೆ ಬಿಎಂಐ ಎಂದು ಹೆಸರು. ಕಿಲೋದಲ್ಲಿ ತೂಕ, ಅದನ್ನು ಮೀಟರಿನಲ್ಲಿ ಎತ್ತರದ ವರ್ಗದಿಂದ ಭಾಗಿಸಬೇಕು. ನನ್ನದು 72 ಕೆ.ಜಿ., 156 ಸೆಂಟಿಮೀಟರ್, ಭಾಗಿಸಿದರೆ 29.6. ಈ ಲೆಕ್ಕದ ಮೂಲಪುರುಷ ಯಾರೆಂದು ಹುಡುಕಿದೆ, ನನ್ನನ್ನು ಇಷ್ಟು ಗೋಳು ಹೊಯ್ದುಕೊಂಡವನ ಜಾತಕ ಗೊತ್ತಿರಬೇಕಲ್ಲ. ಅಡಾಲ್ಫ್ ಕೆಟ್ಲೆ ಎಂಬ ಬೆಲ್ಜಿಯಂ ದೇಶದವನು. ವೈದ್ಯನಲ್ಲ, ನಕ್ಷತ್ರ ನೋಡುವವನು, ಗಣಿತಜ್ಞ. 1830ರ ದಶಕದಲ್ಲಿ 'ಸರಾಸರಿ ಮನುಷ್ಯ' ಎಂಬವನನ್ನು ಹುಡುಕುತ್ತ ಜನರ ಎತ್ತರ, ತೂಕಗಳನ್ನೆಲ್ಲ ರಾಶಿ ಹಾಕಿಕೊಂಡು ಕುಳಿತಿದ್ದ. ದೊಡ್ಡವರಲ್ಲಿ ತೂಕ ಎತ್ತರದ ವರ್ಗಕ್ಕೆ ಅನುಗುಣವಾಗಿ ಏರುತ್ತದೆಂದು ಅವನಿಗೆ ಕಂಡಿತು. ಅಷ್ಟೆ. ಯಾರಿಗೂ ಹೋಳಿಗೆ ಬಿಡು ಅಂದವನಲ್ಲ. 1972ರಲ್ಲಿ ಅಮೆರಿಕದ ಆನ್ಸೆಲ್ ಕೀಸ್ ಎಂಬ ವಿಜ್ಞಾನಿ ಅದಕ್ಕೆ ಬಾಡಿ ಮಾಸ್ ಇಂಡೆಕ್ಸ್ ಎಂದು ನಾಮಕರಣ ಮಾಡಿದ. ಊರಿನ ಜನವನ್ನೆಲ್ಲ ಒಟ್ಟಾಗಿ ಅಳೆಯಲು ಹುಟ್ಟಿದ ಕೊಳಗ, ಬರಬರುತ್ತ ಒಬ್ಬೊಬ್ಬರ ಹಣೆಬರಹವಾಯಿತು. ಅದರ ಗೆರೆಯೂ ನಿಂತಲ್ಲಿ ನಿಂತಿಲ್ಲ. 1998ರಲ್ಲಿ ಅಮೆರಿಕದಲ್ಲಿ ಗೆರೆಯನ್ನು 27 ಚಿಲ್ಲರೆಯಿಂದ 25ಕ್ಕೆ ಇಳಿಸಿದಾಗ, ಎರಡು ಕೋಟಿಗೂ ಹೆಚ್ಚು ಮಂದಿ ರಾತ್ರಿ ಸರಿಯಾದ ತೂಕದವರಾಗಿ ಮಲಗಿ ಬೆಳಗ್ಗೆ ದಪ್ಪಗಾಗಿ ಎದ್ದರು, ಒಂದು ಬಿಸ್ಕತ್ತೂ ತಿನ್ನದೆ.

ಇಷ್ಟಕ್ಕೇ ನಿಲ್ಲಿಸಿದ್ದರೆ ನನಗೆ ಅನುಕೂಲವಾಗುತ್ತಿತ್ತು. ಆದರೆ ನಮ್ಮ ದೇಶದ ವೈದ್ಯರು ಇನ್ನೂ ಕೆಳಗಿಳಿಸಿದ್ದಾರೆ. ಭಾರತೀಯರಿಗೆ 23 ದಾಟಿದರೆ ಹೆಚ್ಚು ತೂಕ, 25 ದಾಟಿದರೆ ಬೊಜ್ಜು ಎಂದು 2009ರಲ್ಲಿ ತೀರ್ಮಾನವಾಯಿತು. ಯಾಕೆ ಈ ಮಲತಾಯಿ ಧೋರಣೆ ಎಂದರೆ, ಅದರ ಹಿಂದೆ ಒಂದು ಫೋಟೊ ಇದೆ. 2004ರಲ್ಲಿ 'ಲ್ಯಾನ್ಸೆಟ್' ವೈದ್ಯಪತ್ರಿಕೆಯಲ್ಲಿ ಪುಣೆಯ ಡಾ. ಚಿತ್ತರಂಜನ್ ಯಾಜ್ಞಿಕ್ ಮತ್ತು ಬ್ರಿಟನ್ನಿನ ಡಾ. ಜಾನ್ ಯುಡ್ಕಿನ್ ತಮ್ಮಿಬ್ಬರದೇ ಫೋಟೊ ಹಾಕಿದರು. ಇಬ್ಬರ ಬಿಎಂಐ ಕೂದಲೆಳೆ ವ್ಯತ್ಯಾಸವಿಲ್ಲದೆ 22.3. ಇಬ್ಬರೂ ನೋಡಲು ತೆಳ್ಳಗಿನ ಸಭ್ಯಸ್ಥರು. ಒಳಗೆ ಅಳೆದರೆ ಯುಡ್ಕಿನ್ ಮೈಯಲ್ಲಿ ಕೊಬ್ಬು ಶೇ. 9.1, ನಮ್ಮ ಯಾಜ್ಞಿಕರ ಮೈಯಲ್ಲಿ ಶೇ. 21.2! ನಾವು ತೆಳ್ಳಗಿದ್ದಾಗಲೂ ಗುಟ್ಟಾಗಿ ದಪ್ಪ. ಮೇಲೆ ಸರಳ ಜೀವನ, ಒಳಗೆ ಬೇನಾಮಿ ಆಸ್ತಿ.

ನನಗೆ ಇದನ್ನು ನಂಬಲು ಲ್ಯಾನ್ಸೆಟ್ ಬೇಕಿರಲಿಲ್ಲ. ಮನೆಯಲ್ಲೇ ಒಬ್ಬರಿದ್ದಾರೆ. ನಮ್ಮವರು 62 ಕೆ.ಜಿ. ಮದುವೆಯಾದಾಗ ಹೊಲಿಸಿದ ಸೂಟು ಈಗಲೂ ಹಿಡಿಸುತ್ತದೆ ಎಂದು ವರ್ಷಕ್ಕೊಮ್ಮೆ ಹಾಕಿ ತೋರಿಸುತ್ತಾರೆ. ಪ್ಯಾಂಟಿನ ಗುಂಡಿಯ ವಿಷಯ ಕೇಳಬೇಡಿ, ಕೋಟು ಮುಚ್ಚುತ್ತದೆ. ಕೈಕಾಲು ಅಗರಬತ್ತಿ, ನಡುವೆ ಮಾತ್ರ ಒಂದು ಸಣ್ಣ ತೆಂಗಿನಕಾಯಿ. ಮೂವತ್ತು ವರ್ಷ ಇವರು ಒಬ್ಬಟ್ಟಿಗೆ ತುಪ್ಪ ಸುರಿದುಕೊಳ್ಳುವಾಗ ಯಾರೂ ಏನೂ ಅನ್ನಲಿಲ್ಲ, 'ಪಾಪ, ಎಲ್ಲಿ ಹೋಗುತ್ತೋ ತಿಂದದ್ದು' ಎಂದು ಇನ್ನೊಂದು ಬಡಿಸಿದರು. ನಾನು ಅರ್ಧ ಮುರಿದುಕೊಂಡರೂ ಪಂಕ್ತಿಯೆಲ್ಲ ನನ್ನ ಎಲೆ ನೋಡುತ್ತಿತ್ತು. ಹೋದ ವರ್ಷ ಇಬ್ಬರೂ ರಕ್ತ ಪರೀಕ್ಷೆ ಮಾಡಿಸಿದೆವು. ಶುಗರ್ ಬಂದದ್ದು ಅವರಿಗೆ. ರಿಪೋರ್ಟು ಅದಲು ಬದಲಾಗಿದೆ ಎಂದು ಅವರು ಲ್ಯಾಬಿಗೆ ಜಗಳಕ್ಕೆ ಹೋದರು. ಅಲ್ಲಿನ ಹುಡುಗ ನಮ್ಮಿಬ್ಬರನ್ನೂ ನೋಡಿ, ಅದಲು ಬದಲಾಗಿರಬಹುದೆಂದು ಒಂದು ಕ್ಷಣ ತಾನೇ ನಂಬಿದ. ಮತ್ತೆ ಸೂಜಿ ಚುಚ್ಚಿಸಿಕೊಂಡು ಬಂದದ್ದೂ ಅದೇ ಉತ್ತರ.

ನನಗೇನೂ ಇಲ್ಲವೆಂದು ಬೀಗುವ ಹಾಗಿರಲಿಲ್ಲ, ಬಿಪಿ ಗಡಿಯಲ್ಲಿ ನಿಂತು ಇಣುಕುತ್ತಿತ್ತು, ಮಂಡಿ ಮೆಟ್ಟಿಲು ಕಂಡರೆ ಮುನಿಸಿಕೊಳ್ಳುತ್ತಿತ್ತು. ಆದರೂ ಆ ದಿನ ಸಂಜೆ ಟೈಲರ್ ಟೇಪು ತಂದು ಇಬ್ಬರ ಸೊಂಟವನ್ನೂ ಅಳೆದೆ. ಹೆಂಗಸರಿಗೆ 80 ಸೆಂಟಿಮೀಟರ್, ಗಂಡಸರಿಗೆ 90 ದಾಟಬಾರದು ಎಂಬುದು ನಮ್ಮ ಕಡೆಯವರಿಗೆ ಹಾಕಿದ ಲೆಕ್ಕ. ನಾನು 93. ಅವರು 94. ಟೇಪನ್ನು ಮಡಿಸಿ ಇಡುವಾಗ ನಮ್ಮ ದಾಂಪತ್ಯದಲ್ಲಿ ಮೊದಲ ಬಾರಿಗೆ ಒಂದು ಸಮಾನತೆ ಕಂಡಿತು. ಬರೀ ಬಿಎಂಐ ನೋಡಿ ಬೊಜ್ಜು ಎಂದು ಷರಾ ಬರೆಯಬೇಡಿ, ಸೊಂಟವನ್ನೂ ಅಳೆಯಿರಿ, ದೇಹ ಹೇಗೆ ಕೆಲಸ ಮಾಡುತ್ತಿದೆ ನೋಡಿ ಎಂದು 2025ರಲ್ಲಿ ಅದೇ ಲ್ಯಾನ್ಸೆಟ್ ಬಳಗದ ತಜ್ಞರ ಆಯೋಗವೂ ಹೇಳಿತು. ನಮ್ಮ ಟೈಲರಿಗೆ ಟೇಪಿನ ಮಹತ್ವ ಮೊದಲಿಂದ ಗೊತ್ತಿತ್ತು.

ತೂಕದ ಕಡೆಯೇ ನೋಡಿ ಮಿಕ್ಕದ್ದನ್ನು ಮರೆಯುವ ಡಾಕ್ಟರುಗಳೂ ಇದ್ದಾರೆ. ಒಮ್ಮೆ ಕಿವಿನೋವೆಂದು ಒಬ್ಬರ ಹತ್ತಿರ ಹೋಗಿದ್ದೆ. ಅವರು ನನ್ನನ್ನು ನೋಡಿ, ಕಿವಿ ನೋಡುವ ಮೊದಲೇ, "ಮೊದಲು ವೆಯ್ಟ್ ಕಡಿಮೆ ಮಾಡಿ," ಅಂದರು. ಕಿವಿಯಲ್ಲಿ ಎಷ್ಟು ಕೆ.ಜಿ. ಇರಬಹುದು ಎಂದು ಕೇಳಬೇಕೆನ್ನಿಸಿತು. ಫೀಸು ಕೊಟ್ಟಾಗಿತ್ತು, ಸುಮ್ಮನಾದೆ. ಆಮೇಲೆ ಎರಡು ವರ್ಷ ಯಾವ ನೋವಿಗೂ ಡಾಕ್ಟರ ಹತ್ತಿರ ಹೋಗಲಿಲ್ಲ. ಗಡಿಯಲ್ಲಿದ್ದ ಬಿಪಿ ಆ ಎರಡು ವರ್ಷದಲ್ಲೇ ಬಂದು ನಿಂತಿರಬೇಕು ಎಂದು ನನ್ನ ಗುಮಾನಿ. ನಾಚಿಕೆಯಿಂದ ಯಾರೂ ಸಣ್ಣಗಾದದ್ದನ್ನು ನಾನು ಕಂಡಿಲ್ಲ. ನಾಚಿಕೆಯಾದ ದಿನ ನಾನು ಅಡುಗೆಮನೆಯ ದೀಪ ಹಾಕದೆ ಡಬ್ಬಿಗೆ ಕೈ ಹಾಕುತ್ತಿದ್ದೆ. ಕತ್ತಲಲ್ಲಿ ತಿಂದ ಕೋಡುಬಳೆಗೆ ಲೆಕ್ಕ ಇರುವುದಿಲ್ಲ, ರುಚಿಯೂ ಇರುವುದಿಲ್ಲ.

ಮಗಳು ಬೆಂಗಳೂರಿನಿಂದ ಬಂದಾಗ ಈ ಕಥೆ ಕೇಳಿ ಕಿಡಿಕಿಡಿಯಾದಳು. "ಅಮ್ಮ, ನೀನು ನಿನ್ನ ದೇಹಾನ ಪ್ರೀತಿಸೋದು ಕಲಿ. ಬಾಡಿ ಪಾಸಿಟಿವಿಟಿ ಅಂತ ಕೇಳಿಲ್ವಾ?" ಕೇಳಿರಲಿಲ್ಲ. ಅವಳು ಹೇಳಿದಳು. 1967ರ ಬೇಸಿಗೆಯಲ್ಲಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಸುಮಾರು ಐನೂರು ಜನ ಸೇರಿ, ದಪ್ಪಗಿರುವುದಕ್ಕೆ ನಾಚುವುದಿಲ್ಲ ಎಂದು ಕೂತು ತಿಂದು, ಡಯಟ್ ಪುಸ್ತಕಗಳನ್ನೂ ಕಡ್ಡಿಯಂತಿದ್ದ ಟ್ವಿಗ್ಗಿ ಎಂಬ ಮಾಡೆಲಿನ ಚಿತ್ರವನ್ನೂ ಸುಟ್ಟರಂತೆ. 1969ರಲ್ಲಿ ದಪ್ಪಗಿರುವವರ ಹಕ್ಕಿಗೆ ಒಂದು ಸಂಘವೂ ಹುಟ್ಟಿತು. ಕೂತು ತಿನ್ನುವ ಚಳವಳಿ! ಉಪ್ಪು ಮಾಡಿ ಜೈಲಿಗೆ ಹೋದವರ ದೇಶದವಳಿಗೆ ಇದು ಎಷ್ಟು ಹಿತವಾಗಿ ಕೇಳಿಸಿತು ಎಂದರೆ, ಅಂದೇ ಸಂಜೆ ನಾನು ಒಬ್ಬಳೇ ಸದಸ್ಯೆಯ ಘಟಕ ಸ್ಥಾಪಿಸಿ ಬೆಣ್ಣೆ ಮುರುಕು ಮಾಡಿದೆ.

ಒಂದು ತಿಂಗಳು ಚಳವಳಿ ಜೋರಾಗಿ ನಡೆಯಿತು. ಕನ್ನಡಿಯ ಮುಂದೆ ನಿಂತು 'ನೀನು ಚೆಂದ' ಎಂದುಕೊಳ್ಳುತ್ತಿದ್ದೆ. ಅದೇನೋ ಬಾಡಿಗೆ ಭಾಷಣದ ಹಾಗೆ ಕೇಳಿಸುತ್ತಿತ್ತು, ಇರಲಿ. ಮೈಯನ್ನು ಪ್ರೀತಿಸುತ್ತೇನೆ, ಅದಕ್ಕೇ ಅದು ಕೇಳಿದ್ದನ್ನೆಲ್ಲ ಕೊಡುತ್ತೇನೆ ಎಂಬುದು ನನ್ನ ವಾದ. ತಿಂಗಳ ಕೊನೆಗೆ ಮಂಡಿ ಒಂದು ಪ್ರತಿ-ಚಳವಳಿ ಹೂಡಿತು. ಮಗಳಿಗೆ ಫೋನ್ ಮಾಡಿ ಗೊಣಗಿದಾಗ ಅವಳು ನಕ್ಕಳು. "ನನ್ನನ್ನೂ ನೀನು ಪ್ರೀತಿಸ್ತಿದ್ದೆ ತಾನೆ? ಕೇಳಿದ್ದನ್ನೆಲ್ಲ ಕೊಟ್ಟಿದ್ದೆಯಾ? ದಿನಾ ಹಾಗಲಕಾಯಿ ಪಲ್ಯ ತಿನ್ನಿಸಿ, ಒಂಬತ್ತಕ್ಕೆ ಮಲಗಿಸ್ತಿದ್ದೆ." ಮಕ್ಕಳು ಎಲ್ಲವನ್ನೂ ನೆನಪಿಟ್ಟುಕೊಂಡು ಹೊತ್ತು ನೋಡಿ ತೆಗೆಯುತ್ತವೆ.

ನಡುವೆ ಗೌರಿ-ಗಣೇಶ ಬಂತು. ಪೂಜೆಯ ಕಥೆ ಪ್ರತಿವರ್ಷ ಕೇಳಿದ್ದೇ, ಈ ಸಲ ಬೇರೆ ಥರ ಕೇಳಿಸಿತು. ಹೊಟ್ಟೆ ತುಂಬ ಕಡುಬು ತಿಂದು ಇಲಿಯೇರಿ ಹೊರಟವನು ಬಿದ್ದ, ಹೊಟ್ಟೆ ಬಿರಿಯಿತು. ಅವನು ಅಳಲಿಲ್ಲ, ಉಪವಾಸದ ಸಂಕಲ್ಪವನ್ನೂ ಮಾಡಲಿಲ್ಲ. ಹತ್ತಿರದಲ್ಲಿದ್ದ ಹಾವನ್ನು ಎತ್ತಿ ಬಿಗಿದುಕೊಂಡು ಎದ್ದ. ನಕ್ಕವನು ಚಂದ್ರ. ತೆಳ್ಳಗೆ, ಬೆಳ್ಳಗೆ, ರೂಪವಂತನೆಂಬ ಗರ್ವ. ಶಾಪ ತಟ್ಟಿದ್ದೂ ಅವನಿಗೇ. ಅವತ್ತಿನಿಂದ ಹದಿನೈದು ದಿನ ಉಬ್ಬುತ್ತಾನೆ, ಹದಿನೈದು ದಿನ ಸೊರಗುತ್ತಾನೆ, ಒಂದು ದಿನವೂ ಒಂದು ತೂಕದಲ್ಲಿ ನಿಲ್ಲುವುದಿಲ್ಲ. ಜನವರಿಯಲ್ಲಿ ಜಿಮ್ಮಿಗೆ ಸೇರಿ ಮಾರ್ಚಿನಲ್ಲಿ ಬಿಡುವವರೆಲ್ಲ ಅವನ ವಂಶದವರೇ ಇರಬೇಕು. ಡೊಳ್ಳುಹೊಟ್ಟೆಯವನಿಗೆ ಮಾತ್ರ ಇಂದಿಗೂ ಮೊದಲ ಪೂಜೆ. ಆದರೆ ಅವನಿಗೂ ಇಷ್ಟವೆಂದು ಇಪ್ಪತ್ತೊಂದು ಬಗೆಯ ಪತ್ರೆ ಹಾಕುತ್ತೇವೆ, ಬರೀ ಕಡುಬಲ್ಲ. ಸೊಪ್ಪು ತಿನ್ನಬೇಕೆಂದು ಹೇಳಿದವರ ಪಟ್ಟಿಗೆ ಇದನ್ನೂ ಸೇರಿಸಿಕೊಂಡೆ.

ಈ ಊರಿನ ನೀರೇ ಹಾಗೆ, ಒಂದು ಕೈಯಲ್ಲಿ ಕೊಟ್ಟು ಇನ್ನೊಂದು ಕೈಯಲ್ಲಿ ಲೆಕ್ಕ ಕೇಳುತ್ತದೆ. ನಾಲ್ವಡಿಯವರ ಅರಮನೆಯ ಅಡುಗೆಮನೆಯಲ್ಲಿ ಕಾಕಾಸುರ ಮಾದಪ್ಪನವರು ಮೈಸೂರು ಪಾಕ್ ಎತ್ತಿದರು ಎಂಬ ಪ್ರತೀತಿ. ಅದೇ ನಾಲ್ವಡಿಯವರು ತಿರುಮಲೈ ಕೃಷ್ಣಮಾಚಾರ್ಯರನ್ನು ಕರೆಸಿ 1933ರಲ್ಲಿ ಜಗನ್ಮೋಹನ ಅರಮನೆಯಲ್ಲಿ ಯೋಗಶಾಲೆ ತೆರೆಸಿದರು. ತುಪ್ಪವೂ ಒಂದೇ ಮನೆಯದು, ಶೀರ್ಷಾಸನವೂ ಒಂದೇ ಮನೆಯದು. ಈಗ ಗೋಕುಲಂ ಕಡೆ ಹೋದರೆ ಚಾಪೆ ಸುತ್ತಿ ಹೆಗಲಿಗೆ ಹಾಕಿಕೊಂಡ ವಿದೇಶಿಯರು ಎಳನೀರಿನ ಗಾಡಿಯ ಸುತ್ತ ನಿಂತಿರುತ್ತಾರೆ, ದೇವರಾಜ ಮಾರ್ಕೆಟ್ ಕಡೆ ಹೋದರೆ ನಮ್ಮವರು ಸಿಹಿ ಅಂಗಡಿಯ ಸುತ್ತ. ಒಂದಷ್ಟು ಜನ ಅದಲು ಬದಲಾದರೆ ಇಬ್ಬರಿಗೂ ಒಳ್ಳೆಯದು.

ನಾನು ಯೋಗಕ್ಕೆ ಹೋಗಲಿಲ್ಲ. ಮಂಡಿಗೆ ಹೆದರಿ ನಡೆಯಲು ಹೊರಟೆ, ಕುಕ್ಕರಹಳ್ಳಿ ಕೆರೆಗೆ. ಅಲ್ಲಿ ಬೆಳಗ್ಗೆ ಆರಕ್ಕೆ ಅರ್ಧ ಮೈಸೂರು ಇರುತ್ತದೆ. ಕುವೆಂಪು ಓಡಾಡಿದ ದಂಡೆ. ಅವರು ಹೆಜ್ಜೆ ಎಣಿಸಿಕೊಂಡು ನಡೆದಿದ್ದರೆ ನಮಗೆ ಕವಿತೆ ಸಿಗುತ್ತಿರಲಿಲ್ಲ. ಈಗ ಎಲ್ಲರ ಮಣಿಕಟ್ಟಿನಲ್ಲೂ ಎಣಿಸುವ ಗಡಿಯಾರ. ಹತ್ತು ಸಾವಿರ ಆಗದೆ ಮನೆಗೆ ಹೋಗುವುದಿಲ್ಲವೆಂದು ಹಟ ಹಿಡಿದ ರಿಟೈರ್ಡ್ ಎಂಜಿನಿಯರರೊಬ್ಬರು ಗೇಟಿನ ಹತ್ತಿರ ನಿಂತಲ್ಲೇ ಕಾಲು ಎತ್ತಿ ಎತ್ತಿ ಇಡುತ್ತಿರುತ್ತಾರೆ. ಈ ಹತ್ತು ಸಾವಿರ ಋಷಿವಾಕ್ಯವೇನಲ್ಲ. ಟೋಕಿಯೊ ಒಲಿಂಪಿಕ್ಸ್ ಮುಗಿದ ಮರುವರ್ಷ, 1965ರಲ್ಲಿ, ಜಪಾನಿನ ಕಂಪನಿಯೊಂದು ಹೆಜ್ಜೆ ಎಣಿಸುವ ಯಂತ್ರ ಮಾರಲು ಇಟ್ಟ ಹೆಸರು, 'ಮಾನ್ಪೊ ಕೇ', ಹತ್ತು ಸಾವಿರ ಹೆಜ್ಜೆಯ ಮೀಟರು. ಗುಂಡಗಿನ ಅಂಕಿ, ಬಾಯಿಗೆ ಹಿಡಿಯಿತು. ಅಮೆರಿಕದಲ್ಲಿ ಎಪ್ಪತ್ತರ ಆಸುಪಾಸಿನ ಹದಿನಾರು ಸಾವಿರಕ್ಕೂ ಹೆಚ್ಚು ಹೆಂಗಸರನ್ನು ಗಮನಿಸಿ 2019ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ದಿನಕ್ಕೆ 4,400 ಹೆಜ್ಜೆ ಹಾಕುವವರಲ್ಲೇ ಸಾವಿನ ಪ್ರಮಾಣ ತೀರ ಕಡಿಮೆ ನಡೆಯುವವರಿಗಿಂತ ಎಷ್ಟೋ ಕಡಿಮೆಯಿತ್ತು. 7,500ರ ಸುಮಾರಿಗೆ ಲಾಭ ಸಮವಾಗಿಬಿಟ್ಟಿತು. ಇದನ್ನು ಎಂಜಿನಿಯರರಿಗೆ ಹೇಳಿದೆ. ಅವರು ಕಾಲು ಎತ್ತುವುದನ್ನು ನಿಲ್ಲಿಸದೆಯೇ, "ನೀವು ಆರಾಮಾಗಿ ಹೋಗಿ ಮೇಡಂ," ಅಂದರು.

ಗೇಟಿನ ಹೊರಗೆ ಹಸಿರು ದ್ರವಗಳ ಸಾಲು. ಹಾಗಲಕಾಯಿ, ಬೂದುಗುಂಬಳ, ನೆಲ್ಲಿಕಾಯಿ, ಗರಿಕೆ. ಕುಡಿಯುವವರ ಮುಖ ನೋಡಿದರೆ ಸಮುದ್ರಮಥನದ ಆ ಹಾಲಾಹಲ ಸನ್ನಿವೇಶ. ಕುಡಿದು ಮುಗಿಸಿ ಅವರಲ್ಲಿ ಅರ್ಧ ಜನ ಸ್ಕೂಟರ್ ಹತ್ತಿ ಬೆಣ್ಣೆ ಮಸಾಲೆಗೆ ಹೋಗುತ್ತಾರೆ. ನಾನು ಮೊದಲ ವಾರ ಜ್ಯೂಸಿಗೂ ಸೇರಿದೆ, ದೋಸೆಗೂ ಸೇರಿದೆ. ಯಾರ ಮನಸ್ಸನ್ನೂ ನೋಯಿಸುವುದು ಬೇಡವೆಂದು. ಆಮೇಲೆ ಎರಡನ್ನೂ ಬಿಟ್ಟು ಮನೆಗೆ ಬಂದು ರಾಗಿರೊಟ್ಟಿ ತಟ್ಟಿಕೊಳ್ಳತೊಡಗಿದೆ. ದೋಸೆಗೆ ಭಾನುವಾರವಿದೆ.

ಮೊದಲು ಒಂದು ಸುತ್ತಿಗೆ ಒಂದು ಗಂಟೆ ಇಪ್ಪತ್ತು ನಿಮಿಷ ಬೇಕಾಗುತ್ತಿತ್ತು, ಅದರಲ್ಲಿ ಅರ್ಧ ಕಲ್ಲುಬೆಂಚಿನ ಮೇಲೆ. ಬೆಂಚಿನಿಂದ ಹೆಜ್ಜಾರ್ಲೆಗಳನ್ನು ನೋಡುವುದೇ ಒಂದು ಕೆಲಸ. ಅಷ್ಟು ದೊಡ್ಡ ಮೈ, ಗಲ್ಲದ ಕೆಳಗೆ ಜೋಲುವ ಚೀಲ. ಹಾರಲು ಹೊರಟಾಗ ನೀರಿನ ಮೇಲೆ ದಡಬಡ ಓಡುತ್ತದೆ, ಇದು ಏಳುವ ಪೈಕಿಯಲ್ಲ ಅನ್ನಿಸುತ್ತದೆ. ಎದ್ದ ಮೇಲೆ ನೋಡಬೇಕು. ರೆಕ್ಕೆ ಬಡಿಯುವ ಶ್ರಮವೇ ಕಾಣದೆ ಕೆರೆಯ ಮೇಲೆ ಒಂದು ಸುತ್ತು ತೇಲಿ ಬರುತ್ತದೆ. ಪಕ್ಕದಲ್ಲಿ ತೆಳ್ಳಗಿನ ಬೆಳ್ಳಕ್ಕಿ ಒಂಟಿಕಾಲಲ್ಲಿ ನಿಂತಿರುತ್ತದೆ, ಜ್ಯೂಸ್ ಕುಡಿದವರ ಹಾಗೆ ಗಂಭೀರ.

ಮೂರು ತಿಂಗಳಾಗುವಾಗ ಸುತ್ತು ಐವತ್ತೈದು ನಿಮಿಷಕ್ಕೆ ಬಂತು. ಮನೆಯ ಮೆಟ್ಟಿಲನ್ನು ಕಂಬಿ ಹಿಡಿಯದೆ ಹತ್ತಿದೆ. ಬಿಪಿ ಗಡಿಯಿಂದ ಒಂದೆರಡು ಹೆಜ್ಜೆ ಹಿಂದೆ ಸರಿಯಿತು. ನಮ್ಮವರೂ ಶುಗರಿನ ದೆಸೆಯಿಂದ ಜೊತೆಗೆ ಬರತೊಡಗಿದರು, ತೆಳ್ಳಗಿನವರಿಗೆ ಏದುಸಿರು ಬರುತ್ತದೆಂಬುದು ಅವರಿಗೆ ಹೊಸ ಸುದ್ದಿ. "ಸ್ವಲ್ಪ ನಿಧಾನ ನಡಿಯೇ," ಎಂಬ ಮಾತನ್ನು ಮೂವತ್ತು ವರ್ಷದಲ್ಲಿ ಮೊದಲ ಸಲ ಅವರ ಬಾಯಲ್ಲಿ ಕೇಳಿ, ಇನ್ನೊಂದು ಸಲ ಹೇಳಲಿ ಎಂದು ಕೇಳಿಸದವಳಂತೆ ನಡೆದೆ. ತೂಕ? 71. ಗೋಡೆಯ ಸಹಾಯ ಇಲ್ಲದೆ 71. ಇಷ್ಟಕ್ಕೇ ಇಷ್ಟೆಲ್ಲವೇ ಎಂದು ಒಂದು ದಿನ ಅಳು ಬಂತು, ಸುಳ್ಳು ಹೇಳುವುದಿಲ್ಲ.

ಆ ದಿನಗಳಲ್ಲೇ ಸಯ್ಯಾಜಿರಾವ್ ರಸ್ತೆಯಲ್ಲಿ ಆನೆಗಳ ತಾಲೀಮು ಸಿಕ್ಕಿತು. ಬೆಳಗ್ಗೆ ಹಾಲು, ಹೂವು ತರಲು ಹೋದವಳು ಫುಟ್‌ಪಾತಿನಲ್ಲಿ ನಿಂತುಬಿಟ್ಟೆ. ಅರಮನೆಯಿಂದ ಬನ್ನಿಮಂಟಪಕ್ಕೆ ಸುಮಾರು ಐದು ಕಿಲೋಮೀಟರ್, ಬೆಳಗ್ಗೆ ಒಮ್ಮೆ, ಸಂಜೆ ಒಮ್ಮೆ. ಜಂಬೂಸವಾರಿಯ ದಿನ 750 ಕೆ.ಜಿ.ಯ ಅಂಬಾರಿ ಹೊರಬೇಕಲ್ಲ, ಅದಕ್ಕೆ ಮೊದಲು ಮರಳಿನ ಮೂಟೆ, ಆಮೇಲೆ ಮರದ ಅಂಬಾರಿ, ಹೀಗೆ ದಿನದಿನಕ್ಕೆ ಭಾರ ಏರಿಸುತ್ತಾರೆ. ಆನೆಗಳು ಅವಸರವಿಲ್ಲದೆ, ದಾರಿಯ ಪಕ್ಕದವರನ್ನು ಲೆಕ್ಕಕ್ಕಿಡದೆ, ಕಿವಿ ಬೀಸುತ್ತ ನಡೆದವು. ನನ್ನ ಪಕ್ಕ ನಿಂತಿದ್ದ ಹುಡುಗ ಕಾವಾಡಿಯೊಬ್ಬನನ್ನು, "ಅಣ್ಣ, ಏನ್ ತಿನ್ನಿಸ್ತೀರ?" ಎಂದು ಕೂಗಿ ಕೇಳಿದ. ಅವನು ನಡೆಯುತ್ತಲೇ ಪಟ್ಟಿ ಒಪ್ಪಿಸಿದ: ಬೇಯಿಸಿದ ಉದ್ದು, ಹೆಸರುಕಾಳು, ಗೋಧಿ, ಕುಸುಬಲಕ್ಕಿ, ತರಕಾರಿ, ಬೆಣ್ಣೆ, ಆಮೇಲೆ ಹುಲ್ಲಿನಲ್ಲಿ ಭತ್ತ, ಬೆಲ್ಲ, ಕಾಯಿ ಇಟ್ಟು ಕಟ್ಟಿದ ಕುಸುರೆ, ಅದರ ಮೇಲೆ ರಾಶಿ ಆಲದ ಸೊಪ್ಪು. "ಬೆಣ್ಣೆನಾ!" ಎಂದ ಹುಡುಗ. "ನಡೀತದಲ್ಲ," ಎಂದ ಕಾವಾಡಿ, ಆನೆಯ ಮುಂಗಾಲನ್ನು ಮಗುವಿನ ಬೆನ್ನು ತಟ್ಟಿದ ಹಾಗೆ ತಟ್ಟಿ. ಆ ಕೈಯನ್ನು ನಾನು ಬಹಳ ಹೊತ್ತು ನೆನೆದೆ. ಆನೆ ದಪ್ಪ ಎಂಬುದು ಆ ಕೈಗೆ ಒಂದು ವಿಷಯವೇ ಆಗಿರಲಿಲ್ಲ. ಹಾಗೆಂದು ಮಳೆ ಬಂದ ದಿನ ತಾಲೀಮು ತಪ್ಪಿಸುವ ಕೈಯೂ ಅದಲ್ಲ. ಸಂಜೆ ಕೊಬ್ಬರಿ ಎಣ್ಣೆ ಬಿಸಿ ಮಾಡಿ ಮಂಡಿಗೆ ಹಚ್ಚಿಕೊಳ್ಳುವಾಗ, ಬಯ್ಯದೆ ಹಚ್ಚಿದೆ.

ಕೆಲವು ವಾರಗಳ ಮೇಲೆ ಗಜಪಡೆಯನ್ನು ಮತ್ತೆ ಧನ್ವಂತರಿ ರಸ್ತೆಗೆ ಕರೆದೊಯ್ದರು. ಮರುದಿನ ಬೆಳಗ್ಗೆ ಕೆರೆಯಿಂದ ಬಂದು ನಾನು ರೊಟ್ಟಿ ತಟ್ಟುತ್ತಿದ್ದೆ. ನಮ್ಮವರು ಪತ್ರಿಕೆ ಬಿಡಿಸಿಕೊಂಡು ಜೋರಾಗಿ ಓದಿದರು. ಎಲ್ಲ ಆನೆಗಳ ತೂಕವೂ ಏರಿದೆಯಂತೆ, ಕೆಲವು ನೂರು ಕೆ.ಜಿ.ಗೂ ಮೇಲಂತೆ.

"ದಿನಾ ಹತ್ತು ಕಿಲೋಮೀಟರ್ ನಡೆದೂನಾ?" ಎಂದರು, ಪತ್ರಿಕೆಯ ಮೇಲಿಂದ ನನ್ನ ಕಡೆ ನೋಡುತ್ತ. ಆಮೇಲೆ ಏನೋ ಹೇಳಲು ಬಾಯಿ ತೆರೆದವರು, ನನ್ನ ಕೈಯಲ್ಲಿದ್ದ ಮಗುಚುವ ಸೌಟು ನೋಡಿ, ಪುಟ ತಿರುಗಿಸಿದರು.